ಕಪ್ಪೆ ಕುಳಿತ ತತ್ತಿಗಳು

ಶಹಾಪುರ, ಸುರಪುರದ ಕಡೆ ಯಾವುದಾದರೂ ಹಳ್ಳಿಯಲ್ಲಿ, "ಕಾವಿಗಿಟ್ಟ ತತ್ತಿ ಮ್ಯಾಲ ಕಪ್ಪಿ ಕುಂತ್ರ ಮರಿ ಏಳಂಗಿಲ್ಲ" ಎಂದು ಯಾರಾದರೂ ಹೇಳಿದರೆ ನಂಬಬೇಡಿ. ಅದು ಹಿರಿಯರು ಹೇಳಿದ ಮಾತಲ್ಲ. ಆ ಮಾತು ಹುಟ್ಟಿದ್ದು ನನ್ನ ಬಾಯಲ್ಲಿ, ನಮ್ಮ ಅತ್ತೆಯ ಅಂಗಳದಲ್ಲಿ, ಬೆಳಗಿನ ರೊಟ್ಟಿ ಬಡಿದು ಮುಗಿದ ಹೊತ್ತಿನಲ್ಲಿ. ಆಗ ನಾನು ಐದು ತಿಂಗಳ ಬಸುರಿ. ಹೋದ ವರ್ಷ ಯಾದಗಿರಿಯ ಬಸ್ಸಿನಲ್ಲಿ ನನ್ನ ಪಕ್ಕ ಕೂತಿದ್ದ ಒಬ್ಬ ಹೆಂಗಸು ಅದೇ ಮಾತನ್ನು ನನಗೇ ಹೇಳಿದಳು. ಅವಳ ಅಜ್ಜಿಯ ಕಾಲದಿಂದಲೂ ಇದೆಯಂತೆ. "ಹೌದೇನವ್ವಾ" ಎಂದೆ. ಮತ್ತೇನು ಅನ್ನಲಿ?

ನಾನು ಶಹಾಪುರದವಳು. ಬಸ್ ಸ್ಟ್ಯಾಂಡಿನ ಹತ್ತಿರ ನಮ್ಮಪ್ಪನ ಚಹಾದಂಗಡಿ ಇತ್ತು. ಕಂಡಕ್ಟರುಗಳ ಕೂಗಾಟದ ನಡುವೆ ಬೆಳೆದವಳಾದ್ದರಿಂದ ನನ್ನ ದನಿ ಮೊದಲಿಂದಲೂ ಒಂದು ಮೊಳ ಎತ್ತರ. "ನಿನ್ನ ಬಾಯಿಗೆ ಬೀಗ ಹಾಕಿ ಕೊಡ್ಬೇಕಾಗ್ಯಾದ" ಎಂದು ಅವ್ವ ಅನ್ನುತ್ತಿದ್ದಳು. ಬೀಗ ಹಾಕದೆಯೇ ಕೊಟ್ಟರು, ಸುರಪುರದ ರಸ್ತೆಯ ಮೇಲಿನ ಒಂದು ಹಳ್ಳಿಗೆ.

ಆ ಹಳ್ಳಿಗೆ ಕಾಲುವೆ ಬಂದು ನಾಲ್ಕೈದು ವರ್ಷವಾಗಿತ್ತು. ಜೋಳ, ತೊಗರಿ ಬೆಳೆಯುತ್ತಿದ್ದ ಕರಿ ನೆಲದಲ್ಲಿ ನೀರು ನಿಲ್ಲಿಸಿ ಭತ್ತ ನೆಡುತ್ತಿದ್ದರು. ಭತ್ತದ ಹಿಂದೆ ಆಂಧ್ರದ ಕಡೆಯ ಜನ ಬಂದು ಊರ ಹೊರಗೆ ಕ್ಯಾಂಪು ಹಾಕಿದ್ದರು. ಕ್ಯಾಂಪಿನಲ್ಲಿ ಒಂದು ಅಂಗಡಿಯೂ ಆಯಿತು. ನೀರಿನ ಹಿಂದೆ ಸೊಳ್ಳೆ ಬಂತು, ಸೊಳ್ಳೆಯ ಹಿಂದೆ ಕಪ್ಪೆ ಬಂತು. ಗದ್ದೆಯ ನುಣ್ಣನೆಯ ಕಪ್ಪೆಯಲ್ಲ ನಾನು ಹೇಳುತ್ತಿರುವುದು. ಮೈತುಂಬ ಗಂಟು ಎದ್ದ, ಮಣ್ಣಿನ ಬಣ್ಣದ, ನೆಗೆಯಲೂ ಬೇಜಾರುಪಡುವ ನೆಲಗಪ್ಪೆ. ಮೊದಲೆಲ್ಲ ಅದು ಮುಂಗಾರಿನ ಮೊದಲ ಮಳೆಗೆ ನೆಲದಿಂದ ಎದ್ದು ಬರುತ್ತಿತ್ತಂತೆ. ಕಾಲುವೆ ಬಂದ ಮೇಲೆ ಬಚ್ಚಲ ಕಲ್ಲಿನ ಸಂದಿಯಲ್ಲಿ, ನೀರಿನ ಕೊಡದ ಬುಡದಲ್ಲಿ, ಎಲ್ಲಿ ಕೈಹಾಕಿದರೂ ಅದೇ.

"ಮೊದಲ ಕಪ್ಪಿ ಕೂಗಿದ್ರ ಮಳಿ ಬರ್ತಿತ್ತು. ಈ ಕಾಲಿವಿ ಬಂದು ಕಪ್ಪಿಗೂ ಸುಳ್ಳು ಹೇಳೂದು ಕಲಿಸ್ಯಾದ" ಎಂದು ನಮ್ಮ ಅತ್ತೆ ಬೈಯುತ್ತಿದ್ದರು.

ಅತ್ತೆಗೆ ಐದು ಹೆಣ್ಣು ಕೋಳಿ, ಒಂದು ಹುಂಜ ಇದ್ದವು. ನಮಗಿಂತ ಅವಕ್ಕೇ ಮರ್ಯಾದೆ ಹೆಚ್ಚು. ಕೋಳಿ ಕಾವಿಗೆ ಬಂತೆಂದರೆ ಮನೆಯಲ್ಲಿ ಬಾಣಂತನದ ಸಡಗರ. ಮೂಲೆಯಲ್ಲಿ ಬುಟ್ಟಿ ಇಟ್ಟು, ಅದರಲ್ಲಿ ಬೂದಿ ಹರಡಿ, ಮೇಲೆ ಹೊಟ್ಟು ಹಾಸಿ, ಗುಡುಗಿಗೆ ತತ್ತಿ ಕೆಡಬಾರದೆಂದು ಒಂದು ಕಬ್ಬಿಣದ ಮೊಳೆ, ಒಂದು ಇದ್ದಿಲು, ಒಂದು ಒಣಮೆಣಸಿನಕಾಯಿ ಇಟ್ಟು, ಬೆಸ ಲೆಕ್ಕದಲ್ಲಿ ತತ್ತಿ ಇಡಬೇಕು. ಇಡುವ ಕೈ ಯಾರದು ಅನ್ನುವುದು ಎಲ್ಲಕ್ಕಿಂತ ದೊಡ್ಡದು. ಕೈಗುಣ ಬೇಕು. ಮಕ್ಕಳನ್ನು ಹೆತ್ತ ಕೈಯೇ ಆಗಬೇಕು. ಬಸುರಿಯ ಕೈ ಆಗದು, ಒಂದು ಮನೆಯಲ್ಲಿ ಎರಡು ಕಾವು ಹೊಂದುವುದಿಲ್ಲವಂತೆ. ಮಕ್ಕಳಾಗದವಳ ಕೈಯಂತೂ ಬುಟ್ಟಿಯ ಹತ್ತಿರವೂ ಬರಬಾರದು.

ನಮ್ಮ ಮನೆಯಲ್ಲಿ ಮಕ್ಕಳಾಗದವಳು ನನ್ನ ನೆಗೆಣ್ಣಿ, ಗಂಡನ ಅಣ್ಣನ ಹೆಂಡತಿ. ನಾನು ಅಕ್ಕ ಅನ್ನುತ್ತಿದ್ದೆ. ಮದುವೆಯಾಗಿ ಒಂಬತ್ತು ವರ್ಷ. ಮಾತು ಕಡಿಮೆ, ಕೆಲಸ ಹೆಚ್ಚು. ನಾನು ಒಂದು ರೊಟ್ಟಿ ಬಡಿಯುವಷ್ಟರಲ್ಲಿ ಅವಳದು ಮೂರು ಆಗಿರುತ್ತಿದ್ದವು. ಭಾವ ಕಾಲುವೆಯ ಗೇಟು ತೆಗೆದು ಮುಚ್ಚುವ ಕೆಲಸಕ್ಕೆ ಹೋಗುತ್ತಿದ್ದ. ಊರಿಗೆಲ್ಲ ನೀರು ಬಿಡುತ್ತಿದ್ದ ಆ ಮನುಷ್ಯನಿಗೆ ತಾಯಿಯ ಮುಂದೆ ಒಂದು ಮಾತು ಬಿಡಲು ಬಾಯಿ ಇರಲಿಲ್ಲ. ಅತ್ತೆ ಆ ವರ್ಷ ಗುರುಮಠಕಲ್ ಕಡೆ ಒಂದು ಹುಡುಗಿಯನ್ನು ನೋಡಿಟ್ಟಿದ್ದರು. ಹಿರಿಯ ಮಗನಿಗೆ ಎರಡನೆಯ ಹೆಂಡತಿ ತರುವ ಮಾತು ಒಲೆಯ ಮುಂದೆ, ಬಚ್ಚಲಲ್ಲಿ, ಕಣದಲ್ಲಿ, ಎಲ್ಲ ಕಡೆ ನಡೆಯುತ್ತಿತ್ತು. ಅಕ್ಕನ ಮುಂದೆಯೇ ನಡೆಯುತ್ತಿತ್ತು.

ಇನ್ನು ನನ್ನ ಕಳ್ಳತನದ ವಿಷಯ. ಮುಚ್ಚುಮರೆ ಇಲ್ಲದೆ ಹೇಳುತ್ತೇನೆ. ನಾಲ್ಕನೆಯ ತಿಂಗಳಲ್ಲಿ ನನಗೆ ತತ್ತಿಯ ಬಯಕೆ ಹತ್ತಿತು. ಹುಣಸೆಹಣ್ಣಲ್ಲ, ಮಾವಿನಕಾಯಲ್ಲ, ತತ್ತಿ! ಅತ್ತೆಯೋ, "ತತ್ತಿ ಗರಮಿ, ಬಸುರಿ ಮುಟ್ಟಬಾರದು" ಎಂದು ಕಟ್ಟಪ್ಪಣೆ ಮಾಡಿದ್ದರು. ಕಾವಿಗೆ ಇಡಲೆಂದು ಕೂಡಿಸಿದ ತತ್ತಿಗಳು ಜೋಳದ ಗಡಿಗೆಯಲ್ಲಿ ಹೂತಿದ್ದವು. ಅತ್ತೆ, ಅಕ್ಕ ಇಬ್ಬರೂ ಬಟ್ಟೆ ಒಗೆಯಲು ಕಾಲುವೆಗೆ ಹೋದರೆ ನಾನು ಒಲೆ ಮುಂದೆ. ಕಾದ ಹಂಚಿನ ಮೇಲೆ ಒಂದಿಷ್ಟು ಎಣ್ಣೆ, ಉಳ್ಳಾಗಡ್ಡಿ, ಮೇಲೆ ತತ್ತಿ ಒಡೆದು, ಕೆಂಪು ಖಾರ ಉದುರಿಸಿ, ಬಿಸಿ ಜೋಳದ ರೊಟ್ಟಿಯಲ್ಲಿ ಸುತ್ತಿ ತಿಂದರೆ ಆಹಾಹಾ! ಈಗ ಹೇಳುವಾಗಲೂ ಬಾಯಲ್ಲಿ ನೀರು ಬರುತ್ತದೆ. ಸಿಪ್ಪೆ ತಿಪ್ಪೆಗೆ ಸೇರುತ್ತಿತ್ತು. ಒಂದು ಹೋಗಿ ಎರಡಾಯಿತು, ಎರಡು ಹೋಗಿ ಹನ್ನೊಂದೂ ಆದವು.

ತಿಂದದ್ದನ್ನು ತುಂಬಿಡಬೇಕಲ್ಲ. ಕ್ಯಾಂಪಿನ ಅಂಗಡಿಯಲ್ಲಿ ಫಾರಂ ತತ್ತಿ ಬರುತ್ತಿದ್ದವು. ನಮ್ಮ ಊರಿನವರು ಆಗಿನ್ನೂ ಅವನ್ನು ಕೊಳ್ಳುತ್ತಿರಲಿಲ್ಲ, ಮನೆಯಲ್ಲೇ ಕೋಳಿ ಇದ್ದವರು ಯಾಕೆ ಕೊಂಡಾರು? ನಾನು ಒಂದೊಂದು ತಿಂದಾಗ ಒಂದೊಂದು ತಂದೆ, ಇದ್ದುದರಲ್ಲಿ ಸಣ್ಣದನ್ನೇ ಆರಿಸಿ. ಬಣ್ಣ ಬಿಳಿ ಸುಣ್ಣ. ಅದಕ್ಕೇನು, ನಾನು ಚಹಾದಂಗಡಿಯವನ ಮಗಳು. ಚಹಾದ ಕಲೆ ಕಪ್ಪು-ಸಾಸರಿನಿಂದ ಹೋಗಬೇಕಾದರೆ ಬೂದಿ ಹಚ್ಚಿ ತಿಕ್ಕಿ ತಿಕ್ಕಿ ಕೈ ಸವೆಯುತ್ತದೆ ಎಂದು ನನಗಿಂತ ಚೆನ್ನಾಗಿ ಯಾರು ಬಲ್ಲರು? ಚಹಾಪುಡಿ ಗಟ್ಟಿಯಾಗಿ ಕುದಿಸಿ, ಆರಿಸಿ, ತತ್ತಿಗಳನ್ನು ಅದರಲ್ಲಿ ನೆನೆಯಿಟ್ಟೆ. ಎತ್ತಿ ಒರೆಸಿದರೆ ನಮ್ಮ ಕೋಳಿಯೇ ಹಾಕಿದಂತಹ ಬಣ್ಣ! ನನ್ನ ಜಾಣತನಕ್ಕೆ ನಾನೇ ಬೆನ್ನು ತಟ್ಟಿಕೊಂಡೆ.

ಫಾರಂ ತತ್ತಿಯಲ್ಲಿ ಮರಿ ಇರುವುದಿಲ್ಲ ಎಂಬುದು ನನಗೆ ಗೊತ್ತಿರಲಿಲ್ಲ. ನಿಜವಾಗಿ ಗೊತ್ತಿರಲಿಲ್ಲ. ನಮ್ಮಪ್ಪನ ಅಂಗಡಿಯಲ್ಲಿ ತತ್ತಿ ಬೇಯಿಸಿ, ಸುಲಿದು, ಉಪ್ಪು ಖಾರ ಹಚ್ಚಿ ಮಾರಿದ್ದೆನೇ ಹೊರತು ಕೋಳಿ ಸಾಕಿದವಳಲ್ಲ. ತತ್ತಿ ಅಂದರೆ ತತ್ತಿ, ಕೋಳಿ ಕೂತರೆ ಮರಿ ಆಗುತ್ತದೆ ಎಂದುಕೊಂಡಿದ್ದೆ.

ಹೀಗಿರುವಾಗ ಅತ್ತೆ ಕಾಲುವೆಯ ಪಾವಟಿಗೆಯಲ್ಲಿ ಜಾರಿ ಬಿದ್ದು ಬಲಗೈ ಮುರಿದುಕೊಂಡರು. ಪಟ್ಟು ಕಟ್ಟಿಸಿಕೊಂಡು ಬಂದ ನಾಲ್ಕನೆಯ ದಿನಕ್ಕೆ ಕೆಂಪು ಕೋಳಿ ಕಾವಿಗೆ ಬಂತು. ತತ್ತಿ ಇಡುವವರು ಯಾರು? ಎಡಗೈಯಲ್ಲಿ ಇಡುವಂತಿಲ್ಲ. ಬಸುರಿ ನಾನು ಇಡುವಂತಿಲ್ಲ. ಅತ್ತೆ ಪಕ್ಕದ ಮನೆಯವರನ್ನು ಕರೆಸುವ ಮಾತು ತೆಗೆದರು. ನನಗೆ ಸಿಟ್ಟು ಬಂತು.

"ಮನ್ಯಾಗ ಹಿರೇ ಸೊಸಿ ಇದ್ದಾಳಲ್ರಿ ಅತ್ತಿ. ಆಕಿ ಕೈಗೇನಾಗ್ಯಾದ?" ಅಂದೆ.

"ಆಕಿ ಕೈಗುಣ ಒಂಬತ್ತ ವರ್ಷದಿಂದ ನೋಡಾಕತ್ತೇನಿ."

"ಆಕಿ ಹಚ್ಚಿದ ಬದನಿ ಗಿಡ ಊರಿಗೆಲ್ಲ ಕಾಯಿ ಹಂಚ್ಯಾದ. ತತ್ತಿ ಯಾಕ ಬ್ಯಾಡ? ಒಮ್ಮೆ ಇಡಸಿ ನೋಡ್ರಿ. ಮರಿ ಎದ್ರ ಆ ಗುರುಮಠಕಲ್ ಹುಡುಗಿ ಮಾತು ಬಿಡ್ತೀರೇನು?"

ಅತ್ತೆ ನನ್ನನ್ನು ಮೇಲಿಂದ ಕೆಳಗೆ ನೋಡಿದರು. ಅವರಿಗೂ ಹಠ. "ಆತು. ಹನ್ನೊಂದರಾಗ ಆರು ಏಳಲಿ, ಸಾಯೂತನಕ ಆ ಮಾತು ಎತ್ತಾಂಗಿಲ್ಲ. ಏಳಲಿಲ್ಲಂದ್ರ ನೀ ಬಾಯಿ ಮುಚ್ಕೊಂಡಿರಬೇಕು. ಮುಂದಿನ ಸೋಮವಾರನ ನಾ ಬಸ್ ಹತ್ತತೀನಿ."

ಅಕ್ಕ ಅಲ್ಲೇ ಪುಂಡಿಪಲ್ಯ ಸೋಸುತ್ತ ಕೂತಿದ್ದಳು. ತಲೆ ಎತ್ತಲಿಲ್ಲ. ಅವಳಿಗೆ ಖುಷಿಯಾಗಿದೆ ಎಂದುಕೊಂಡೆ. ಕೈ ತೊಳೆದು ಬಂದು, ಸೆರಗು ಹೊದ್ದು, ಹನ್ನೊಂದು ತತ್ತಿಗಳನ್ನು ಒಂದೊಂದಾಗಿ ಇಟ್ಟಳು. ಅಷ್ಟು ಮೆತ್ತಗೆ ಇಟ್ಟದ್ದನ್ನು ನೋಡಿ ನನಗೆ ಅಯ್ಯೋ ಅನ್ನಿಸಿತು. ಚಹಾದಲ್ಲಿ ಅದ್ದಿದ ತತ್ತಿಗೆ ಅಷ್ಟು ಪ್ರೀತಿ!

ಹತ್ತನೆಯ ದಿನ ಉಪ್ಪು ತರಲು ಕ್ಯಾಂಪಿಗೆ ಹೋದೆ. ಅಂಗಡಿಯಾಕೆ ತೆಲುಗಿನವಳು, ಒಳ್ಳೆಯ ಹೆಂಗಸು, ನಮ್ಮ ಮಾತು ಕಲಿಯುತ್ತಿದ್ದಳು. ಈಗ ತತ್ತಿ ಯಾಕೆ ಒಯ್ಯುತ್ತಿಲ್ಲ ಎಂದು ಕೇಳಿದಳು. ನಾನು ನಗುತ್ತ, "ಎಲ್ಲಾ ಕೋಳಿ ಬುಡಕ ಅದಾವ, ಮರಿ ಆದಮ್ಯಾಲ ನಿನಗೂ ಒಂದು ಕೊಡ್ತೀನಿ" ಅಂದೆ. ಅವಳು ತಕ್ಕಡಿ ಕೆಳಗಿಟ್ಟು ಹೊಟ್ಟೆ ಹಿಡಿದುಕೊಂಡು ನಕ್ಕಳು.

"ಅಯ್ಯೋ ತಲ್ಲೀ! ಫಾರಂದಾಗ ಹುಂಜ ಎಲ್ಲಿ ಇರ್ತದಮ್ಮಾ? ಹುಂಜ ಇಲ್ದೆ ಮರಿ ಎಲ್ಲಿಂದ ಬರ್ತದ? ಅದ್ರ ಮ್ಯಾಲೆ ಆನೆ ಕೂಡಿಸಿದ್ರೂ ಅಷ್ಟೇ!"

ಉಪ್ಪಿನ ಪೊಟ್ಟಣ ಹಿಡಿದು ಮನೆಯ ತನಕ ಹೇಗೆ ಬಂದೆನೋ ಗೊತ್ತಿಲ್ಲ. ಬಂದರೆ ಅಕ್ಕ ಬುಟ್ಟಿಯ ಮುಂದೆ ಕೂತು ಕೆಂಪು ಕೋಳಿಗೆ ಅಂಗೈಯಲ್ಲಿ ನುಚ್ಚು ತಿನ್ನಿಸುತ್ತಿದ್ದಳು. ಅವಳ ಮುಖದಲ್ಲಿ ಒಂಬತ್ತು ವರ್ಷದಲ್ಲಿ ಯಾರೂ ನೋಡದ ಒಂದು ಕಳೆ ಇತ್ತು. ಆಗಲೇ ಹೇಳಬೇಕಾಗಿತ್ತು. ಹೇಳಲಿಲ್ಲ. ಅತ್ತೆಯ ಹೆದರಿಕೆ, ನಮ್ಮವರ ಹೆದರಿಕೆ, ಕಳ್ಳಿ ಅನ್ನಿಸಿಕೊಳ್ಳುವ ನಾಚಿಕೆ. ಇಂದು ಬೇಡ, ನಾಳೆ ಹೇಳಿದರಾಯಿತು ಎಂದು ಒಂಬತ್ತು ದಿನ ನೂಕಿದೆ. ಜೋರು ಬಾಯಿಯವಳು ನಾನು, ಬೇಕಾದಾಗ ಮೂಕಿಯಾದೆ.

ಹತ್ತೊಂಬತ್ತನೆಯ ದಿನ ನೀರಿನ ಪರೀಕ್ಷೆ. ಅಗಲ ಪಾತ್ರೆಯಲ್ಲಿ ಉಗುರುಬೆಚ್ಚಗಿನ ನೀರು ಹಾಕಿ ತತ್ತಿ ತೇಲಿಬಿಡುತ್ತಾರೆ. ಒಳಗೆ ಜೀವ ಇದ್ದರೆ ತತ್ತಿ ತಾನೇ ತಾನಾಗಿ ಅಲುಗಾಡುತ್ತದೆ. ಅತ್ತೆ ಎಡಗೈಯಿಂದ ಒಂದೊಂದೇ ಬಿಟ್ಟರು. ನಾವೆಲ್ಲ ಬಗ್ಗಿ ನಿಂತೆವು. ಹನ್ನೊಂದೂ ತೇಲಿದವು, ಒಂದೂ ಅಲುಗಲಿಲ್ಲ. ನೀರು ಮೆಲ್ಲಗೆ ಕೆಂಪಗಾಗುತ್ತಿತ್ತು. ಚಹಾ! ಅತ್ತೆ ನೋಡುವ ಮೊದಲೇ ತತ್ತಿ ಎತ್ತಿ, ನೀರನ್ನು ಬಚ್ಚಲಿಗೆ ಚೆಲ್ಲಿದೆ. ಅತ್ತೆ ಒಂದು ತತ್ತಿ ಒಡೆದು ನೋಡಿದರು. ಬರೀ ನೀರು ನೀರು ಹಳದಿ.

"ಗೊಡ್ಡು" ಅಂದರು. ತತ್ತಿಗೆ ಅಂದರೋ ಅಕ್ಕನಿಗೆ ಅಂದರೋ ಕೇಳುವ ಅಗತ್ಯವಿರಲಿಲ್ಲ. ಎಲ್ಲರ ಕಣ್ಣೂ ಅವಳ ಮೇಲೆಯೇ ಇದ್ದವು. ಅಕ್ಕ ತನ್ನ ಎರಡೂ ಅಂಗೈಗಳನ್ನು ನೋಡಿಕೊಳ್ಳುತ್ತ ನಿಂತಿದ್ದಳು.

ಆಗ ನಾನು ಖರೆ ಹೇಳಲು ಬಾಯಿ ತೆರೆದೆ. ಹೊರಗೆ ಬಂದದ್ದು ಬೇರೆ.

"ಕಪ್ಪಿ ಕುಂತಿತ್ತರೀ ಅತ್ತಿ! ಕೋಳಿ ನೀರು ಕುಡ್ಯಾಕ ಹೋದಾಗ ತತ್ತಿ ಮ್ಯಾಲ ಕಪ್ಪಿ ಕುಂತಿತ್ತು. ನನ್ನ ಕಣ್ಣಾರೆ ನೋಡೀನಿ. ಅದರ ಮೈಯಾಗ ಹಾಲಿನಂಥ ನಂಜು ಇರ್ತದ, ನಾಯಿ ಕಚ್ಚಿದ್ರ ಬಾಯಾಗ ನೊರಿ ಬರ್ತದ. ತತ್ತಿ ಉಳೀತಾವೇನ್ರಿ?"

ನಂಜಿನ ಮಾತು ನಿಜವೇ. ನಾಯಿಯ ಬಾಯಲ್ಲಿ ನೊರೆ ಬಂದದ್ದನ್ನು ಊರವರೆಲ್ಲ ಕಂಡಿದ್ದರು. ಒಂದು ಚಮಚ ನಿಜ ಬೆರೆಸಿದರೆ ಒಂದು ಕೊಡ ಸುಳ್ಳು ದಕ್ಕುತ್ತದೆ. ಅತ್ತೆ ತಬ್ಬಿಬ್ಬಾದರು. ಇಂಥದ್ದನ್ನು ಅವರು ಕೇಳಿರಲಿಲ್ಲ. ಕಟ್ಟೆಯ ಮೇಲೆ ಕೂತಿದ್ದ ಎದುರು ಮನೆಯ ಮುತ್ಯಾನನ್ನು ಕರೆದು ಕೇಳಿದರು. ಮುತ್ಯಾನಿಗೆ ಎಂಬತ್ತು ದಾಟಿತ್ತು. ಗೊತ್ತಿಲ್ಲ ಅನ್ನುವ ಮಾತು ಆತನ ಬಾಯಿಂದ ಯಾರೂ ಕೇಳಿರಲಿಲ್ಲ. ಅವತ್ತೂ ಅನ್ನಲಿಲ್ಲ.

"ಹೌದವ್ವಾ ಹೌದು" ಎಂದು ತಲೆಯಾಡಿಸಿದ. "ನಮ್ಮವ್ವ ಹೇಳ್ತಿದ್ದಳು. ಕಪ್ಪಿ ಕುಂತ ತತ್ತಿ ಹಾಳು. ನಾನೂ ನೋಡೀನಿ."

ಏನು ನೋಡಿದ್ದನೋ ಶಿವನೇ ಬಲ್ಲ! ನನಗೆ ಒಳಗೊಳಗೇ ನಗು. ಅತ್ತೆ ಸೋಮವಾರದ ಬಸ್ಸು ಬಿಟ್ಟರು, "ಇನ್ನೊಂದು ಕೋಳಿ ಕಾವಿಗೆ ಬರಲಿ, ನೋಡೂನು" ಅಂದರು. ಅಕ್ಕನನ್ನು ಉಳಿಸಿದೆ ಎಂದು ಬೀಗಿದೆ. ಸುಳ್ಳು ಹೇಳಿದರೂ ಗಟ್ಟಿ ಸುಳ್ಳು ಹೇಳಿದೆ ಎಂಬ ಹೆಮ್ಮೆ.

ಆದರೆ ಸುಳ್ಳಿಗೆ ಕಾಲು ಬಂದರೆ ಕಟ್ಟುವವರು ಯಾರು? ಎರಡು ದಿನದಲ್ಲಿ ಓಣಿಯ ಹುಡುಗರು ಕಲ್ಲು ಹಿಡಿದು ಕಪ್ಪೆ ಬೇಟೆಗೆ ಹೊರಟರು. ತಿಪ್ಪೆಯ ಮೇಲೆ ಹೊಟ್ಟೆ ಮೇಲಾಗಿ ಬಿದ್ದ ನೆಲಗಪ್ಪೆಗಳನ್ನು ನೋಡಿ ನನಗೆ ಊಟ ಸೇರಲಿಲ್ಲ. ನಮ್ಮ ಬಚ್ಚಲ ಕಲ್ಲಿನ ಕೆಳಗಿದ್ದ ಮುದಿ ಕಪ್ಪೆಯನ್ನು ಮಾತ್ರ ಅಕ್ಕ ಯಾರಿಗೂ ಕಾಣದಂತೆ ಒಂದು ಒಡಕು ಮಡಕೆಯಲ್ಲಿ ಮುಚ್ಚಿಟ್ಟಳು.

"ಗೆದ್ದಲ ತಿಂತದ, ಇರುವಿ ತಿಂತದ. ಯಾರಿಗೇನ ಮಾಡ್ಯಾದ ಅದು?" ಅಂದಳು. ಒಮ್ಮೆ ಕಾಲುವೆಯ ಬದಿಯಲ್ಲಿ ನಿಂತ ನೀರಿನಲ್ಲಿ ಅದರ ತತ್ತಿಗಳನ್ನೂ ತೋರಿಸಿದ್ದಳು. ಕರಿಮಣಿ ಪೋಣಿಸಿದಂತೆ ಉದ್ದನೆಯ ಎಳೆ, ಹುಲ್ಲಿಗೆ ಸುತ್ತಿಕೊಂಡಿತ್ತು. "ನೋಡು, ಇಟ್ಟು ಹೋಗಿಬಿಡ್ತದ. ಕಾವಿಲ್ಲ, ಕೈಗುಣ ಇಲ್ಲ, ಮೊಳಿ ಇಲ್ಲ, ಮೆಣಸಿನಕಾಯಿ ಇಲ್ಲ. ಆದ್ರೂ ಮರಿ ಆಗ್ತಾವ" ಎಂದಿದ್ದಳು. ಆಗ ನಾನು ನಕ್ಕಿದ್ದೆ.

ಒಂದು ವಾರ ಕಳೆಯುವಷ್ಟರಲ್ಲಿ ಕಾಲುವೆಯ ಪಾವಟಿಗೆಯ ಮೇಲೆ, ಬಟ್ಟೆ ಒಗೆಯುವ ಹೆಂಗಸರ ಬಾಯಲ್ಲಿ, ನನ್ನ ಕಪ್ಪೆ ಹೊಸ ಮಾತು ಕಲಿತಿತ್ತು. ಕಪ್ಪೆಗೆ ತಂಪು ಬೇಕು. ಗೊಡ್ಡಿಯ ಕೈ ಇಟ್ಟ ತತ್ತಿ ತಣ್ಣಗಿರುತ್ತವೆ. ಅದಕ್ಕೇ ಕಪ್ಪೆ ಊರೆಲ್ಲ ಬಿಟ್ಟು ಅದೇ ಬುಟ್ಟಿಗೆ ಬಂತು. ಒಬ್ಬಳು ಇದನ್ನು ಹೇಳುತ್ತಿದ್ದರೆ ಇನ್ನೊಬ್ಬಳು, "ಮುತ್ಯಾನೂ ಹಂಗ ಅಂದಾನ" ಎಂದು ಸೇರಿಸಿದಳು. ಅಕ್ಕ ಅಲ್ಲೇ ಎರಡು ಕಲ್ಲಿನಾಚೆ ಬಟ್ಟೆ ಹಿಂಡುತ್ತಿದ್ದಳು. ಹಿಂಡಿದ ಬಟ್ಟೆಯನ್ನೇ ಮತ್ತೆ ಮತ್ತೆ ಹಿಂಡಿದಳು.

ಸಂಜೆಗೆ ಅತ್ತೆಯ ಕಿವಿಗೂ ಮುಟ್ಟಿತು. ಟ್ರಂಕಿನಿಂದ ತಮ್ಮ ಇಳಕಲ್ ಸೀರೆ ತೆಗೆಸಿದರು. "ಸೋಮವಾರ ಗುರುಮಠಕಲ್ಲಿಗೆ ಹೋಗ್ತೀನಿ. ಇನ್ನ ಯಾರೂ ಅಡ್ಡ ಬರಬ್ಯಾಡ್ರಿ" ಅಂದರು.

ಮಾಡಿದ್ದುಣ್ಣೋ ಮಾರಾಯ ಅನ್ನುತ್ತಾರೆ, ಇಲ್ಲಿ ಮಾಡಿದವಳು ನಾನು, ಉಣ್ಣುವವಳು ಅಕ್ಕ. ಅವತ್ತು ಇಡೀ ಸಂಜೆ ಒಲೆಯ ಮುಂದೆ ಕೂತು ಅತ್ತುಬಿಟ್ಟೆ. ಬೆಳಿಗ್ಗೆ ಎದ್ದು ಮುಖ ತೊಳೆದು ನೇರ ಅಂಗಳಕ್ಕೆ ಬಂದು, ಅತ್ತೆ, ಅಕ್ಕ, ಭಾವ, ನಮ್ಮವರು, ಕಟ್ಟೆಯ ಮುತ್ಯಾ, ಎಲ್ಲರಿಗೂ ಕೇಳುವಂತೆ ಹೇಳಿದೆ.

"ಕಪ್ಪಿ ಕುಂತಿಲ್ಲ. ನಾ ಸುಳ್ಳು ಹೇಳೀನಿ. ಆ ಹನ್ನೊಂದೂ ತತ್ತಿ ನಾನ ತಿಂದೀನಿ. ಕೋಳಿ ಬುಡಕ ಇಟ್ಟಿದ್ದು ಕ್ಯಾಂಪಿನ ಫಾರಂ ತತ್ತಿ, ಚಹಾದಾಗ ಅದ್ದಿದ್ದು. ಅದರಾಗ ಮರಿನ ಇರಂಗಿಲ್ಲಂತ. ಅಕ್ಕನ ಕೈದು ಏನೂ ತಪ್ಪಿಲ್ಲ."

ಬೈಗುಳ ಬರಲಿ, ಹೊಡೆತ ಬರಲಿ ಎಂದು ಕಣ್ಣು ಮುಚ್ಚಿ ನಿಂತೆ. ಏನೂ ಬರಲಿಲ್ಲ. ಕಣ್ಣು ತೆರೆದರೆ ಅತ್ತೆ ನನ್ನನ್ನು ಕರುಣೆಯಿಂದ ನೋಡುತ್ತಿದ್ದರು!

"ನೆಗೆಣ್ಣಿ ಮ್ಯಾಲ ನಿನ್ನ ಜೀವ ಅದ, ನನಗ ಗೊತ್ತದ. ಅದಕ್ಕಂತ ಹೊಟ್ಟ್ಯಾಗ ಕೂಸು ಇಟ್ಕೊಂಡು ಇಂಥ ಸುಳ್ಳು ಹೇಳಬಾರದವ್ವಾ."

ಅಯ್ಯೋ ನನ್ನ ಹಣೆಬರಹವೇ! ಸುಳ್ಳು ಹೇಳಿದಾಗ ಊರೆಲ್ಲ ನಂಬಿತು, ಖರೆ ಹೇಳಿದರೆ ಮನೆಯವರೇ ನಂಬಲಿಲ್ಲ. ಕ್ಯಾಂಪಿಗೆ ಓಡಿ ಒಂದು ಫಾರಂ ತತ್ತಿ ತಂದೆ. ಎಲ್ಲರ ಮುಂದೆ ಚಹಾ ಕುದಿಸಿ ಅದ್ದಿ ತೆಗೆದೆ. ಅತ್ತೆ ತಿರುಗಿಸಿ ಮುರುಗಿಸಿ ನೋಡಿದರು. ಮುಖ ಕೊಂಚ ಬದಲಾಯಿತು. ಅಷ್ಟರಲ್ಲಿ ಮುತ್ಯಾ ಕಟ್ಟೆಯಿಂದ ಕೂಗಿದ, "ಬಣ್ಣ ಬರ್ತದ, ಬರಲಿ. ಕಪ್ಪಿ ಕುಂತ ತತ್ತಿ ಎಂದಾದ್ರೂ ಮರಿ ಆಗ್ಯಾದೇನು? ಎಂಬತ್ತ ವರ್ಷದಾಗ ನಾ ನೋಡಿಲ್ಲ!"

ಅತ್ತೆ ಮತ್ತೆ ಅತ್ತ ವಾಲಿದರು. ನನಗೆ ತಲೆ ಕೆಟ್ಟುಹೋಯಿತು.

"ಹಂಗಾದ್ರ ನೋಡೇ ಬಿಡೂನು" ಅಂದೆ. "ಅಕ್ಕನ ಕೈಲೆ ಮತ್ತ ತತ್ತಿ ಇಡಸ್ರಿ. ಈ ಸಲ ನಮ್ಮ ಕಣ್ಣ ಮುಂದ ಕೋಳಿ ಹಾಕಿದ ತತ್ತಿ. ಅದರ ಮ್ಯಾಲ ನಾನ ಕಪ್ಪಿ ತಂದು ಕೂಡಸ್ತೀನಿ. ಎಲ್ಲಾರೂ ನೋಡ್ರಿ. ಮರಿ ಎದ್ದಾವಂದ್ರ ಕಪ್ಪಿನೂ ಸುಳ್ಳು, ಗೊಡ್ಡು ಕೈನೂ ಸುಳ್ಳು. ಏಳಲಿಲ್ಲಂದ್ರ ಗುರುಮಠಕಲ್ ಬಸ್ಸಿಗೆ ನಿಮ್ಮ ಗಂಟು ನಾನ ಹೊತ್ತು ತರ್ತೀನಿ."

ಅತ್ತೆಗೆ ಇದು ಹಿಡಿಸಿತು. ಊರೆಲ್ಲ ನೋಡುವ ಪಂದ್ಯ ಅಂದರೆ ಅವರಿಗೂ ಹುರುಪು. ನಮ್ಮ ಕೋಳಿಗಳವು ಐದು ತತ್ತಿ ಕೂಡಿದವು, ಹಿಂದಿನ ಮನೆಯ ಖಾಲಾ ಆರು ಕೊಟ್ಟಳು. "ನನ್ನ ಹುಂಜದ್ದು ಬೇಟಿ, ಖಾತ್ರಿ ಮಾಲು" ಎಂದು ಕಣ್ಣು ಮಿಟುಕಿಸಿದಳು. ಕಾವಿನ ಹುಚ್ಚು ಇಳಿಯದೆ ಕೆಂಪು ಕೋಳಿ ಖಾಲಿ ಬುಟ್ಟಿಯಲ್ಲೇ ಕೂತಿತ್ತು. ಅದನ್ನೆತ್ತಿ ಪಕ್ಕಕ್ಕೆ ಬಿಟ್ಟರು. ಅಕ್ಕ ತತ್ತಿ ಇಟ್ಟಳು. ಈ ಸಲ ಒಂದೊಂದನ್ನು ಇಡುವ ಮೊದಲೂ ಕೈಯನ್ನು ಸೆರಗಿಗೆ ಒರೆಸಿಕೊಂಡಳು.

ಆಮೇಲೆ ನಾನು ಒಡಕು ಮಡಕೆಗೆ ಕೈಹಾಕಿ ಆ ಮುದಿ ಕಪ್ಪೆಯನ್ನು ಎತ್ತಿದೆ. ಕಪ್ಪೆ ಮುಟ್ಟಿದರೆ ನರಹುಲಿ ಏಳುತ್ತದೆ ಎಂದು ಸಣ್ಣಂದಿನಿಂದ ಹೆದರಿದವಳು. ಅದು ತಣ್ಣಗೆ ನನ್ನ ಅಂಗೈ ತುಂಬ ಉಚ್ಚೆ ಹೊಯ್ದಿತು. ಹೆಂಗಸರು ಬಿದ್ದು ಬಿದ್ದು ನಕ್ಕರು. ಹಲ್ಲು ಕಚ್ಚಿಕೊಂಡು ಅದನ್ನು ತತ್ತಿಗಳ ನಡುವೆ ಕೂಡಿಸಿದೆ. ಅದು ಅಲ್ಲಿ ಪಂಚಾಯ್ತಿಯ ಹಿರಿಯನ ಹಾಗೆ ಗಂಟಲು ಉಬ್ಬಿಸುತ್ತ, ಕಣ್ಣು ಮಿಟುಕಿಸುತ್ತ ಕೂತಿತು. ಇಡೀ ಓಣಿ ನೋಡಿತು. ಕೊನೆಗೆ ಕೆಂಪು ಕೋಳಿ ತಡೆಯಲಾರದೆ ಹಾರಿ ಬಂದು ಅದರ ಬೆನ್ನಿಗೆ ಒಂದು ಕುಕ್ಕಿತು. ಕಪ್ಪೆ ಒಲ್ಲದ ಮನಸ್ಸಿನಿಂದ ಎದ್ದು ಬಚ್ಚಲಿನ ಕಡೆ ಹೊರಟಿತು.

"ಆತು. ಇಪ್ಪತ್ತೊಂದು ದಿನ" ಅಂದರು ಅತ್ತೆ.

ಆ ಇಪ್ಪತ್ತೊಂದು ದಿನ ನನಗೆ ಭಯವೇ ಇರಲಿಲ್ಲ ಎಂದರೆ ನಂಬುತ್ತೀರಾ? ಖಾಲಾನ ಹುಂಜ ಇತ್ತು, ನಮ್ಮ ಹುಂಜ ಇತ್ತು, ನಿಜ ನನ್ನ ಕಡೆ ಇತ್ತು. ತಿಂದು ಉಂಡು ನಿದ್ದೆ ಮಾಡಿದೆ. ಅಕ್ಕ ಮಾತ್ರ ಸೊರಗುತ್ತ ಹೋದಳು. ರೊಟ್ಟಿ ಹಂಚಿನ ಮೇಲೆ ಸೀಯುತ್ತಿದ್ದವು. ಆಕಾಶದಲ್ಲಿ ಒಂದು ಗುಡುಗು ಕೇಳಿದರೆ ಓಡಿಬಂದು ಬುಟ್ಟಿಯ ಮೊಳೆ, ಇದ್ದಿಲು ಮುಟ್ಟಿ ನೋಡುತ್ತಿದ್ದಳು. "ಏ ಅಕ್ಕಾ, ಯಾಕ ಇಷ್ಟ ಅಂಜತಿ? ನಾ ಇದ್ದೀನಲ್ಲ" ಅಂದರೆ ನನ್ನ ಮುಖ ನೋಡಿ ಮತ್ತೆ ಬುಟ್ಟಿಯ ಕಡೆ ತಿರುಗುತ್ತಿದ್ದಳು. ಭಾವನೂ ಆಗಾಗ ಬುಟ್ಟಿಯ ಹತ್ತಿರ ನಿಂತು ಹೋಗುತ್ತಿದ್ದ.

ಇಪ್ಪತ್ತನೆಯ ದಿನ ಮಧ್ಯಾಹ್ನವೇ ಒಂದು ತತ್ತಿಯ ತುದಿಯಲ್ಲಿ ಬಿರುಕು ಕಂಡಿತು. ಮರುದಿನ ಬೆಳಿಗ್ಗೆ ಕೋಳಿಯ ರೆಕ್ಕೆಯ ಕೆಳಗಿಂದ ಚೀಂವ್ ಚೀಂವ್. ಅತ್ತೆ ಎಡಗೈಯಿಂದ ಕೋಳಿಯನ್ನೆತ್ತಿ ಎಣಿಸಿದರು. ಒಂದು ಸಿಪ್ಪೆಯಲ್ಲೇ ಸತ್ತಿತ್ತು, ಒಂದು ಕೊಳೆತಿತ್ತು. ಒಂಬತ್ತು ಎದ್ದಿದ್ದವು! ನಾನು ಕೂಗಿದ ಕೂಗು ಕ್ಯಾಂಪಿಗೂ ಕೇಳಿಸಿರಬೇಕು. ಓಣಿಯ ಹೆಂಗಸರೆಲ್ಲ ಬಂದರು. ಮುತ್ಯಾ ಕಟ್ಟೆಯಿಂದ ಇಳಿದು ಬಂದು ಮರಿಗಳನ್ನು ನೋಡಿ, "ಮುದಿ ಕಪ್ಪಿ ಕುಂತ್ರ ಚಲೋ ಆಗ್ತದಂತ ನಮ್ಮವ್ವ ಹೇಳ್ತಿದ್ದಳು" ಅಂದ. ನಾಚಿಕೆ ಅನ್ನುವುದು ಆತನ ಹತ್ತಿರ ಸುಳಿಯದು.

ಅತ್ತೆಗೆ ಈಗ ಹೇಳಲಾಗದ ಹಿಗ್ಗು. "ನಮ್ಮ ಹಿರೇ ಸೊಸಿ ಕೈಗುಣ ನೋಡ್ರಿ. ಹನ್ನೊಂದಕ್ಕ ಒಂಬತ್ತು! ನನ್ನ ಕೈಲೂ ಇಷ್ಟ ಎದ್ದಿಲ್ಲ" ಎಂದು ಬಂದವರ ಮುಂದೆಲ್ಲ ಹೇಳಿದರು. "ಗುರುಮಠಕಲ್ ಮಾತು ಮುಗೀತು. ನಾ ಆಡಿದ ಮಾತಿಗೆ ತಪ್ಪಾಕಿ ಅಲ್ಲ" ಎಂದರು. ಆಗಲೇ ಇಬ್ಬರು ಹೆಂಗಸರು, ತಮ್ಮ ಮನೆಯ ಕೋಳಿಗೂ ತತ್ತಿ ಇಡಲು ಬಾ ಎಂದು ಅಕ್ಕನನ್ನು ಕರೆದರು. ನಾನು ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದೆ. ಗೆದ್ದವಳು ನಾನು. ಅಕ್ಕ ಈಗ ನನ್ನ ಕೈ ಹಿಡಿದು ಅಳುತ್ತಾಳೆ, ನಾನು ಸಮಾಧಾನ ಹೇಳಬೇಕು ಎಂದು ಕಾಯುತ್ತಿದ್ದೆ.

ಅಕ್ಕ ಮರಿಗಳನ್ನು ಒಣ ಹೊಟ್ಟಿಗೆ ಸೇರಿಸಿ, ಒಡೆದ ಸಿಪ್ಪೆಗಳನ್ನೆಲ್ಲ ಸೆರಗಿನಲ್ಲಿ ಕೂಡಿಸಿಕೊಂಡು ಎದ್ದು ನಿಂತಳು. ಅಳಲಿಲ್ಲ. ಅತ್ತೆಯ ಮುಖ ನೋಡಿ ಮಾತಾಡಿದಳು. ಒಂಬತ್ತು ವರ್ಷದಲ್ಲಿ ಆ ಅಂಗಳದಲ್ಲಿ ಅವಳ ದನಿ ಅಷ್ಟು ಸ್ಪಷ್ಟವಾಗಿ ಕೇಳಿದ್ದು ಅದೇ ಮೊದಲು.

"ಇನ್ನೊಮ್ಮೆ ನನ್ನ ಇಟ್ಕೋಬೇಕೋ ಬಿಡಬೇಕೋ ಅನ್ನೂ ಮಾತು ಬಂದ್ರ ನನಗ ಕೇಳ್ರಿ ಅತ್ತಿ. ಕೋಳಿಗೆ ಕೇಳಬ್ಯಾಡ್ರಿ."

ಅಕ್ಕ ನನ್ನ ಕಡೆ ತಿರುಗಿದಳು. ಕಣ್ಣಲ್ಲಿ ಸಿಟ್ಟಿರಲಿಲ್ಲ, ಅದೇ ನನಗೆ ಹೆಚ್ಚು ತಾಗಿತು.

"ನೀನೂ ಅಷ್ಟ. ಎರಡ ಸಲ ನನ್ನ ಬಾಳೇವು ಆ ಬುಟ್ಟಿಯಾಗ ಇಟ್ಟಿ. ಒಮ್ಮೆರ ನನ್ನ ಕೇಳಿದೇನು?"

ಕೇಳಿರಲಿಲ್ಲ. ಮೊದಲ ಸಲವೂ ಕೇಳಿರಲಿಲ್ಲ, ಎರಡನೆಯ ಸಲವೂ ಕೇಳಿರಲಿಲ್ಲ. ಅವಳು ಮಗ್ಗುಲಲ್ಲೇ ಪಲ್ಯ ಸೋಸುತ್ತ ಕೂತಿದ್ದಾಗಲೂ ಕೇಳಬೇಕೆಂದು ನನಗೆ ಹೊಳೆದಿರಲಿಲ್ಲ. ಅಕ್ಕ ಸಿಪ್ಪೆ ಚೆಲ್ಲಲು ತಿಪ್ಪೆಯ ಕಡೆ ಹೋದಳು, ಭಾವ ಅವಳ ಹಿಂದೆ ಹೋದ. ಅತ್ತೆಯೂ ನಾನೂ ಒಬ್ಬರ ಮುಖ ಒಬ್ಬರು ನೋಡದೆ ಆ ಒಂಬತ್ತು ಮರಿಗಳ ಮುಂದೆ ನಿಂತಿದ್ದೆವು.